ಮೂಕಚಿತ್ರಕ್ಕೆ ಸಂಗೀತ ಬರೆದ ಹಿರಿಯ

1908ನೆಯ ಇಸವಿ ನವೆಂಬರ್ 17ರಂದು ಪ್ಯಾರಿಸ್ ನಗರದಲ್ಲಿ ‘ಗೀಸ್ ಡ್ಯೂಕನ ಕೊಲೆ’ ಎಂಬ ಮೂಕಚಿತ್ರವೊಂದು ತೆರೆಕಂಡಿತು. ಫ್ರಾನ್ಸಿನ ದೊರೆ ಮೂರನೆಯ ಹೆನ್ರಿ ತನ್ನ ಎದುರಾಳಿಯಾದ ಡ್ಯೂಕನನ್ನು 1588ರಲ್ಲಿ ಬ್ಲ್ವಾ ಅರಮನೆಯಲ್ಲಿ ಕೊಲ್ಲಿಸಿದ ಕಥೆ ಅದು. ಚಿತ್ರ 15-20 ನಿಮಿಷಗಳಷ್ಟೆ. ಅದಕ್ಕೆಂದೇ ಸಂಗೀತ ರಚಿಸಿದವನು 73 ವರ್ಷದ ಕಮೀಯ್ ಸ್ಯಾಂಸಾನ್ಸ್. ಹೆಸರು ನಮ್ಮ ನಾಲಗೆಗೆ ತುಸು ತೊಡಕೇ ಸರಿ.

ಚಲಚ್ಚಿತ್ರವನ್ನು ಆಗ ಸಂತೆಯ ಆಟವೆಂದೇ ಬಹುಮಂದಿ ಎಣಿಸುತ್ತಿದ್ದರು. ಪಿಯಾನೊ ಬಾರಿಸುವವನು ತನಗೆ ತೋಚಿದ್ದನ್ನು ಬಾರಿಸುತ್ತಿದ್ದನು. ಅಂಥ ಕೆಲಸಕ್ಕೆ ಈತ ಏಕೆ ಕೈಹಾಕಿದ?

ಈತ ಸಾಮಾನ್ಯನಲ್ಲ. ಹತ್ತು ವರ್ಷದ ಹುಡುಗನಾಗಿದ್ದಾಗಲೇ ಪ್ಯಾರಿಸ್ಸಿನಲ್ಲಿ ಪಿಯಾನೊ ಕಚೇರಿ ನಡೆಸಿದವನು. ಸುಮಾರು 20 ವರ್ಷ ಮದಲೇನ್ ಇಗರ್ಜಿಯಲ್ಲಿ ಆರ್ಗನ್ ನುಡಿಸಿದವನು. ಆದರೂ ರಂಗಭೂಮಿ ಅವನನ್ನು ಬಹುಕಾಲ ಬಾಗಿಲಲ್ಲೇ ನಿಲ್ಲಿಸಿತು. ಬೈಬಲ್ಲಿನ ಕಥೆಯನ್ನು ತೆಗೆದುಕೊಂಡು ‘ಸ್ಯಾಮ್ಸನ್ ಮತ್ತು ಡಲೈಲಾ’ ಎಂಬ ಆಪೆರಾವನ್ನು, ಎಂದರೆ ಹಾಡಿಯೇ ಆಡುವ ಗೀತನಾಟಕವನ್ನು, ಬರೆಯತೊಡಗಿದನು. ಧರ್ಮಗ್ರಂಥದ ಪಾತ್ರಗಳು ರಂಗದ ಮೇಲೆ ಕುಣಿಯುವುದೇ ಎಂಬ ಆಕ್ಷೇಪ ಬಂತು. ಕೊನೆಗೆ ಮಿತ್ರನಾದ ಲಿಸ್ಟ್ ಆಸರೆಯಾಗಿ 1877ರಲ್ಲಿ ಜರ್ಮನಿಯ ವೈಮಾರಿನಲ್ಲಿ, ಜರ್ಮನ್ ಭಾಷೆಯಲ್ಲಿ, ಮೊದಲ ಪ್ರಯೋಗ ನಡೆಯಿತು! ಫ್ರಾನ್ಸಿನ ರೂಆಂ ಪಟ್ಟಣ ಅದನ್ನು ಕಂಡದ್ದು 1890ರಲ್ಲಿ. ಪ್ಯಾರಿಸ್ಸಿನ ದೊಡ್ಡ ಆಪೆರಾ ಮಂದಿರಕ್ಕೆ ಅದು ಬಂದದ್ದು 1892ರಲ್ಲಿ. ಲಂಡನ್ನಿನಲ್ಲಂತೂ 1909ರವರೆಗೆ ವೇಷ ಕಟ್ಟಿ ಆಡಲು ಅಪ್ಪಣೆ ಇರಲಿಲ್ಲ. ಡಲೈಲಾ ಹಾಡುವ ಶೃಂಗಾರಗೀತ ಇಂದು ಜಗತ್ಪ್ರಸಿದ್ಧ. ಅದಕ್ಕಾಗಿ ಕರ್ತೃ ಕಾದದ್ದನ್ನು ನೆನೆದರೆ ನನಗೆ ಈಗಲೂ ಸಿಟ್ಟು ಬರುತ್ತದೆ.

ಆ ಕಾಯುವಿಕೆಯಿಂದ ಅವನಿಗೆ ರಂಗದ ಹಟ ಬೆಳೆದಿರಬೇಕು ಎಂದು ನನ್ನ ಊಹೆ. ನಮ್ಮ ಲಾಕ್ಷಣಿಕರು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂದು ನಾಲ್ಕಾಗಿ ವಿಂಗಡಿಸಿದ್ದಾರಷ್ಟೆ. ಮೂಕಚಿತ್ರದಲ್ಲಿ ಉಳಿದ ಮೂರೂ ಉಂಟು; ವಾಚಿಕವೊಂದೇ ಇಲ್ಲ. ಆಪೆರಾದಲ್ಲಾದರೋ ವಾಚಿಕವೆಲ್ಲ ಹಾಡೇ. ಹಾಡುವ ಬಾಯಿಗಳಿಗೆ ಜೀವಮಾನವೆಲ್ಲ ಸ್ವರ ಒದಗಿಸಿದವನ ಮುಂದೆ ಈಗ ದನಿಯಿಲ್ಲದೆ ತೆರೆದು ಮುಚ್ಚುವ ಬಾಯಿಗಳು! ಅವುಗಳ ಮಾತನ್ನು ವಾದ್ಯಗಳಿಂದಲೇ ಆಡಿಸಬೇಕು.

ಅವನು ಬಳಸಿದ್ದು ಕೆಲವು ತಂತಿವಾದ್ಯ, ಒಂದು ಪಿಯಾನೊ, ಒಂದು ಹಾರ್ಮೋನಿಯಂ. ಒಂದು ಪೀಠಿಕೆ, ಐದು ದೃಶ್ಯಗಳು. ದೃಶ್ಯದ ಅಳತೆಗೆ ಸಂಗೀತವನ್ನು ಕತ್ತರಿಸಿ ಹೊಲಿದಿದ್ದಾನೆ. ಪಾತ್ರ ವಹಿಸಿದವರು ಕಾಮೆಡಿ ಫ್ರಾಂಸೇಸಿನ ನುರಿತ ನಟರು. ಕಥೆ ಹೆಣೆದವನು ಫ್ರೆಂಚ್ ಅಕಾಡೆಮಿಯ ಸದಸ್ಯ ಆನ್ರಿ ಲಾವ್‌ದಾಂ.

ಇದು ಸ್ಯಾಂಸಾನ್ಸನ ಅತ್ಯುತ್ತಮ ಕೃತಿಯೆಂದು ನಾನು ಹೇಳಲಾರೆ. ಚಿತ್ರವನ್ನು ಬಿಟ್ಟು ಬರಿಯ ಸಂಗೀತವನ್ನು ಕೇಳಿದರೆ ಅಲ್ಲಲ್ಲಿ ತುಂಡುತುಂಡಾಗಿ ತೋರುತ್ತದೆ. ಚಿತ್ರದೊಡನೆ ಕೇಳಿದಾಗ ಆ ತುಂಡುಗಳ ನಡುವೆ ಡ್ಯೂಕನು ಒಂದೊಂದೇ ಕೋಣೆ ದಾಟಿ ಸಾವಿನ ಕಡೆಗೆ ನಡೆಯುತ್ತಿರುತ್ತಾನೆ.