ಮರಡು ತೀರ್ಪು ಮತ್ತು ಪಂಚಾಯಿತಿಯ ಪರವಾನಗಿ



ಕೇರಳದ ಮರಡುವಿನಲ್ಲಿ 2020ರ ಜನವರಿ 11 ಮತ್ತು 12ರಂದು ನಾಲ್ಕು ವಸತಿ ಸಮುಚ್ಚಯಗಳನ್ನು ಸ್ಫೋಟಕದಿಂದ ಕೆಡವಿದ್ದನ್ನು ತಾವು ಟಿ.ವಿ.ಯಲ್ಲಿ ಕಂಡಿರಬಹುದು. ಅವುಗಳಿಗೆ ಪರವಾನಗಿ ನೀಡಿದ್ದು ಗ್ರಾಮ ಪಂಚಾಯಿತಿ. ಕರಾವಳಿ ವಲಯ ನಿರ್ವಹಣಾ ಪ್ರಾಧಿಕಾರದ ಸಮ್ಮತಿ ಪಡೆದಿರಲಿಲ್ಲ. 2007ರಲ್ಲಿ ಪಂಚಾಯಿತಿ ನೋಟಿಸು ನೀಡಿತಾದರೂ ನಿರ್ಮಾಣದಾರರು ಹೈಕೋರ್ಟಿನ ಮೊರೆಹೊಕ್ಕರು, ಕಟ್ಟಡಗಳು ಮೇಲೆದ್ದವು. 2019ರ ಮೇ 8ರಂದು ಸುಪ್ರೀಂ ಕೋರ್ಟು ತೆರವಿಗೆ ಆದೇಶಿಸಿತು. (ಕಟ್ಟಡ ಗಟ್ಟಿಯಿತ್ತೇ ಎಂಬುದು ಅಲ್ಲಿ ಪ್ರಶ್ನೆಯೇ ಆಗಿರಲಿಲ್ಲ.) ಮನೆ ಕೊಂಡವರಿಗೆ ತಲಾ 25 ಲಕ್ಷ ರೂಪಾಯಿ ಮಧ್ಯಂತರ ಪರಿಹಾರ ಗೊತ್ತಾಯಿತು; ಮನೆ ಉಳಿಯಲಿಲ್ಲ.

ಗಮನಿಸಿ, ಅವು ಹಿನ್ನೀರಿನ ದಡದಲ್ಲಿದ್ದವು. ನಮ್ಮಲ್ಲಿಯೂ ಉಬ್ಬರವಿಳಿತ ತಲುಪುವ ಹೊಳೆ, ಅಳಿವೆಗಳ ದಡ ಕರಾವಳಿ ನಿಯಂತ್ರಣ ವಲಯದ ನಿಯಮಕ್ಕೆ ಒಳಪಡುತ್ತದೆ. ‘ಇಲ್ಲಿಂದ ಸಮುದ್ರವೇ ಕಾಣದು’ ಎಂಬ ವಾದ ನಿಲ್ಲದು. ಇಂತಹ ಅರ್ಜಿಗಳನ್ನು ಅನುಮೋದಿತ ವಲಯ ನಕ್ಷೆಯೊಂದಿಗೆ ತಾಳೆ ನೋಡಿ, ಪ್ರಾಧಿಕಾರದ ಲಿಖಿತ ಅಭಿಪ್ರಾಯ ಬಂದ ನಂತರವೇ ಸಭೆಯ ಮುಂದೆ ತರಬೇಕೆಂದು ಕೋರುತ್ತೇನೆ.