ಎತ್ತಂಗಡಿಯ ಆದೇಶ ಮತ್ತು ನ್ಯಾಯಾಲಯದ ಎಲ್ಲೆ



ಮರಗಳ್ಳತನವನ್ನೋ ಕೆರೆಯ ಒತ್ತುವರಿಯನ್ನೋ ತಡೆದ ಅಧಿಕಾರಿಗೆ ನೀರು ನೆರಳಿಲ್ಲದ ಊರಿಗೆ ಎತ್ತಂಗಡಿ ಕಾದಿರುತ್ತದೆಂಬ ಮಾತು ಮಲೆನಾಡಿನ ಹಳ್ಳಿಗಳಲ್ಲಿ ಆಗಾಗ ಕೇಳಿಬರುತ್ತದೆ. ಅಂತಹ ಆದೇಶವನ್ನು ನ್ಯಾಯಾಲಯದಲ್ಲಿ ಪ್ರಶ್ನಿಸಲಾಗದೆ ಎಂದು ಊರಿನವರು ಕೇಳುವುದು ಸಹಜ. ಪ್ರಶ್ನಿಸಬಹುದು. ಆದರೆ ಆ ಹಕ್ಕು ನೌಕರನದು. ಅದರ ವ್ಯಾಪ್ತಿಯೂ ಕಿರಿದು.

ವರ್ಗಾವಣೆಯು ಸರ್ಕಾರಿ ಸೇವೆಯ ಸಹಜ ಅಂಗವೆಂಬುದು ಸರ್ವೋಚ್ಚ ನ್ಯಾಯಾಲಯದ ಸ್ಥಿರ ನಿಲುವು. 1993ರ ಎಸ್.ಎಲ್. ಅಬ್ಬಾಸ್ ಪ್ರಕರಣವೇ ಇದಕ್ಕೆ ನಿದರ್ಶನ. ಷಿಲ್ಲಾಂಗಿನಲ್ಲಿ ಭಾರತೀಯ ಸಸ್ಯ ಸರ್ವೇಕ್ಷಣ ಸಂಸ್ಥೆಯ ಉದ್ಯಾನಪಾಲಕರಾಗಿದ್ದವರನ್ನು ದೂರದ ಪೌಡಿಗೆ ವರ್ಗಾಯಿಸಲಾಯಿತು. ಪತ್ನಿಯ ಉದ್ಯೋಗ, ಮಕ್ಕಳ ವಿದ್ಯಾಭ್ಯಾಸ ಷಿಲ್ಲಾಂಗಿನಲ್ಲೇ ಇದ್ದವು. ಆಡಳಿತ ನ್ಯಾಯಮಂಡಳಿ ಆದೇಶವನ್ನು ರದ್ದುಪಡಿಸಿತು. ಸರ್ವೋಚ್ಚ ನ್ಯಾಯಾಲಯವಾದರೋ ಆ ತೀರ್ಪನ್ನು ತಳ್ಳಿಹಾಕಿತು. ಪತಿಪತ್ನಿಯರನ್ನು ಒಂದೆಡೆ ಇರಿಸಬೇಕೆಂಬ ಮಾರ್ಗಸೂಚಿಯನ್ನು ಸರ್ಕಾರ ಗಮನಿಸತಕ್ಕದ್ದು. ಆದರೆ ಅದು ಕಾನೂನಿನ ಹಕ್ಕಾಗದು ಎಂದಿತು.

ಹಾಗಾದರೆ ನ್ಯಾಯಾಲಯ ಕೈಹಾಕುವುದು ಯಾವಾಗ? ಆದೇಶದ ಹಿಂದೆ ದುರುದ್ದೇಶವಿದ್ದಾಗ, ಶಾಸನಬದ್ಧ ನಿಯಮ ಮುರಿದಾಗ, ಅಧಿಕಾರವಿಲ್ಲದವರು ಆದೇಶ ಹೊರಡಿಸಿದಾಗ. ಸೋಮೇಶ್ ತಿವಾರಿ ಪ್ರಕರಣದಲ್ಲಿ ಅನಾಮಧೇಯ ದೂರಿನ ಮೇಲೆ ಅಧಿಕಾರಿಯೊಬ್ಬರನ್ನು ಭೋಪಾಲದಿಂದ ಷಿಲ್ಲಾಂಗಿಗೆ ಕಳುಹಿಸಲಾಗಿತ್ತು. ಶಿಕ್ಷೆಗೆ ಬದಲಾಗಿ ಮಾಡಿದ ವರ್ಗಾವಣೆ ಕಾನೂನುಬಾಹಿರವೆಂದು 2008ರಲ್ಲಿ ತೀರ್ಪಾಯಿತು. ಆದರೆ ದುರುದ್ದೇಶವನ್ನು ಸಾಬೀತುಪಡಿಸುವ ಹೊಣೆ ನೌಕರನದೇ. ಗುಮಾನಿ ಸಾಲದು, ದಾಖಲೆ ಬೇಕು.

ರಾಜ್ಯ ಸರ್ಕಾರದ ನೌಕರರು ಕರ್ನಾಟಕ ಆಡಳಿತ ನ್ಯಾಯಮಂಡಳಿಗೂ, ಬಳಿಕ ಉಚ್ಚ ನ್ಯಾಯಾಲಯಕ್ಕೂ ಹೋಗಬಹುದು. ತಡೆಯಾಜ್ಞೆ ಸಿಗುವವರೆಗೆ ಹೊಸ ಸ್ಥಳಕ್ಕೆ ಹಾಜರಾಗದೆ ಕುಳಿತರೆ ಶಿಸ್ತುಕ್ರಮ ತಪ್ಪದು. ಮನವಿ ಸಲ್ಲಿಸಿದ ಮಾತ್ರಕ್ಕೆ ಆದೇಶ ನಿಲ್ಲದೆಂದು 1989ರಲ್ಲಿ, ಗುಜರಾತ್ ವಿದ್ಯುತ್ ಮಂಡಳಿಯ ಪ್ರಕರಣದಲ್ಲಿ, ಸರ್ವೋಚ್ಚ ನ್ಯಾಯಾಲಯ ಸ್ಪಷ್ಟಪಡಿಸಿದೆ.

ಊರಿನವರೇ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಹಾಕಬಹುದೆ? ಸೇವಾ ವಿಷಯಗಳಲ್ಲಿ ಅಂತಹ ಅರ್ಜಿಗೆ ಎಡೆಯಿಲ್ಲವೆಂದು 1998ರ ದುರ್ಯೋಧನ ಸಾಹು ಪ್ರಕರಣದಲ್ಲಿ ತೀರ್ಮಾನವಾಗಿದೆ. ಹಾಗಾಗಿ ಒಳ್ಳೆಯ ಅಧಿಕಾರಿಗೆ ರಕ್ಷಣೆ ದೊರೆಯಬೇಕಾದರೆ ನಿಯಮದಲ್ಲೇ ಅದು ಇರಬೇಕು. ಟಿ.ಎಸ್.ಆರ್. ಸುಬ್ರಮಣಿಯನ್ ಮತ್ತಿತರ ನಿವೃತ್ತ ಅಧಿಕಾರಿಗಳ ಅರ್ಜಿಯ ಮೇಲೆ 2013ರಲ್ಲಿ ಸರ್ವೋಚ್ಚ ನ್ಯಾಯಾಲಯ ನಾಗರಿಕ ಸೇವಾ ಮಂಡಳಿಗಳನ್ನು ರಚಿಸುವಂತೆಯೂ, ಅಧಿಕಾರಿಗಳಿಗೆ ಕನಿಷ್ಠ ಅವಧಿಯನ್ನು ನಿಗದಿಪಡಿಸುವಂತೆಯೂ, ಮೌಖಿಕ ಆದೇಶಗಳು ಬರಹದಲ್ಲಿ ದಾಖಲಾಗುವಂತೆಯೂ ನಿರ್ದೇಶಿಸಿತು. 2014ರಲ್ಲಿ ಐ.ಎ.ಎಸ್. ಅಧಿಕಾರಿಗಳ ಕೇಡರ್ ನಿಯಮಕ್ಕೆ ತಿದ್ದುಪಡಿಯಾಗಿ, ಸಾಮಾನ್ಯವಾಗಿ ಎರಡು ವರ್ಷಗಳ ಕನಿಷ್ಠ ಅವಧಿ ಬಂದಿತು. ಕಾಡು ಕಾಯುವ ಗಾರ್ಡಿಗೆ ಆ ನಿಯಮ ಅನ್ವಯಿಸದು.

ಊರಿನ ಕೈಯಲ್ಲಿರುವುದು ಬೇರೊಂದು ದಾರಿ. ಅಧಿಕಾರಿಯ ವರ್ಗಾವಣೆಯನ್ನು ಊರು ಪ್ರಶ್ನಿಸಲಾರದು. ಕಾಡಿನ ನಾಶವನ್ನು ಪ್ರಶ್ನಿಸಬಲ್ಲದು. ಅದಕ್ಕೆ ಉಚ್ಚ ನ್ಯಾಯಾಲಯವಿದೆ, 2010ರ ಕಾಯ್ದೆಯಂತೆ ಸ್ಥಾಪಿತವಾದ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯಿದೆ. ಮಹಜರಿನ ಪ್ರತಿ, ಸರ್ವೆ ನಕ್ಷೆ, ದೂರಿನ ಸ್ವೀಕೃತಿ ಇವುಗಳನ್ನು 2005ರ ಮಾಹಿತಿ ಹಕ್ಕು ಕಾಯ್ದೆಯಡಿ ಕೇಳಿ ಪಡೆದು, ಗ್ರಾಮಸಭೆಯ ನಡಾವಳಿಯಲ್ಲಿ ದಾಖಲಿಸಿಡಬೇಕು. ಅಧಿಕಾರಿ ಊರು ಬಿಟ್ಟ ಮೇಲೂ ಅವರು ಆರಂಭಿಸಿದ ಕೆಲಸವನ್ನು ಊರು ಮುಂದುವರಿಸಲು ಈ ಕಾಗದಗಳೇ ಆಧಾರ. ಅಧಿಕಾರಿ ಊರಿನಲ್ಲಿ ಇರುವಾಗಲೇ ಈ ಕೆಲಸ ಆಗಬೇಕು.