ಗೈಡ್ ಜೊತೆ ಒಂದು ದಿನ: ಸಿನ್ನರ್, ನಾಸಿಕ್ ಮತ್ತು ದ್ರಾಕ್ಷಿ ತೋಟ

ಮೊದಲು ಒಂದು ಸಣ್ಣ ಸರ್ವೆ ಮಾಡೋಣ. ಪುಣೆ ಅಥವಾ ಮುಂಬೈನಲ್ಲಿ ಐದು ವರ್ಷಕ್ಕಿಂತ ಜಾಸ್ತಿ ಇರೋರು ಕೈ ಎತ್ತಿ. ಸರಿ, ಮುಕ್ಕಾಲು ಜನ ಇದ್ದೀರಿ. ಇವರಲ್ಲಿ ನಾಸಿಕ್‌ನ ವೈನರಿಗೆ ಹೋದವರು? ಪರವಾಗಿಲ್ಲ, ಸುಮಾರು ಕೈ ಕಾಣ್ತಿವೆ. ಅದೇ ನಾಸಿಕ್‌ನ ಪಾಂಡವಲೇಣಿ ಗುಹೆ ನೋಡಿದವರು? ಇಬ್ಬರು. (ನಗು) ಇವತ್ತು ನಾನು ಹೇಳೋದು ಈ ಎರಡೂ ಜಾಗ ಒಂದೇ ದಿನದಲ್ಲಿ ನೋಡೋದರ ಬಗ್ಗೆ. ಅವೆರಡೂ ಒಂದೇ ಕಥೆ ಅಂತ ನನಗೆ ಯಾಕೆ ಅನ್ನಿಸ್ತು ಅನ್ನೋದರ ಬಗ್ಗೆ ಕೂಡ.

ನಾನು ವಿಜಯಪುರ ಜಿಲ್ಲೆಯವನು. ಎಂಟೆಕ್ ಮುಗಿಸಿ ಪುಣೆಗೆ ಬಂದು ಒಂಬತ್ತು ವರ್ಷ ಆಯ್ತು. ಹಿಂಜವಡಿಯಲ್ಲಿ ಕೆಲಸ, ವಾಕಡ್‌ನಲ್ಲಿ ಮನೆ. ಊರಲ್ಲಿ ಅಪ್ಪನದು ಎರಡು ಎಕರೆ ದ್ರಾಕ್ಷಿ. ಅದರಲ್ಲಿ ಹೆಚ್ಚಿನದು ಒಣದ್ರಾಕ್ಷಿಗೇ ಹೋಗುತ್ತೆ. ದ್ರಾಕ್ಷಿ ಬೆಳೆಯೋರ ಮನೆಯಲ್ಲಿ ಹುಟ್ಟಿದವರಿಗೆ ಗೊತ್ತು: ಹಣ್ಣು ಕಟಾವಿಗೆ ಬರೋ ಹೊತ್ತಿಗೆ ಆಕಾಶ ನೋಡಿಕೊಂಡೇ ಮಲಗಬೇಕು. ಅಕಾಲ ಮಳೆ ಒಂದು ರಾತ್ರಿ ಬಂದ್ರೆ ವರ್ಷದ ಲೆಕ್ಕ ಮುಗೀತು. ಎರಡು ವರ್ಷ ಹಾಗೇ ಆಗಿತ್ತು. ಈ ಫೆಬ್ರವರಿಯಲ್ಲಿ ಅಪ್ಪ, ಅವ್ವ ಪುಣೆಗೆ ಬಂದಾಗ ಅಪ್ಪನ ತಲೆಯಲ್ಲಿ ಇದ್ದದ್ದು ಒಂದೇ ಪ್ರಶ್ನೆ: ತೋಟ ಇಡೋದಾ, ಕಿತ್ತು ಹಾಕೋದಾ?

ನಾನು ಪುಣೆಯಿಂದ ಹೊರಡೋ ಒಂದು ದಿನದ ಗೈಡೆಡ್ ಟೂರ್ ಬುಕ್ ಮಾಡಿದೆ. ಸಿನ್ನರ್‌ನ ದೇವಸ್ಥಾನ, ಪಾಂಡವಲೇಣಿ, ಪಂಚವಟಿ, ಕೊನೆಗೆ ಒಂದು ವೈನರಿ. ಹದಿನಾರು ಜನರ ಗಾಡಿ. ಗೈಡ್ ನಾಸಿಕ್‌ನವರೇ, ನಿವೃತ್ತ ಮೇಷ್ಟ್ರು. ಎಲ್ಲರೂ ಅವರನ್ನ ಕಾಕಾ ಅಂತಿದ್ವಿ.

ಪುಣೆಯಿಂದ ನಾಸಿಕ್ ಸುಮಾರು 210 ಕಿಲೋಮೀಟರ್. ಬೆಳಿಗ್ಗೆ ಐದಕ್ಕೆ ಬಿಡಬೇಕು. ಇಲ್ಲದಿದ್ರೆ ಚಾಕಣ್ ಟ್ರಾಫಿಕ್‌ನಲ್ಲೇ ಅರ್ಧ ದಿನ ಹೋಗುತ್ತೆ. ಮಂಚರ್, ನಾರಾಯಣಗಾಂವ್ ದಾಟಿ, ಸಂಗಮನೇರ್ ದಾಟಿ, ನಾಸಿಕ್‌ಗೆ ಇನ್ನೂ 30 ಕಿಲೋಮೀಟರ್ ಇರುವಾಗ ಸಿನ್ನರ್ ಸಿಗುತ್ತೆ. ನಾವೆಲ್ಲ ಇದನ್ನ ಹೆದ್ದಾರಿ ಬದಿಯ ಇಂಡಸ್ಟ್ರಿಯಲ್ ಏರಿಯಾ ಅಂತ ನೋಡಿರ್ತೀವಿ. ಆದ್ರೆ ಸಿನ್ನರ್ ಸೇವುಣ ಯಾದವರ ಹಳೇ ರಾಜಧಾನಿ. ದೇವಗಿರಿಗೆ ಹೋಗೋಕೆ ಮೊದಲು ಅವರು ಇಲ್ಲಿದ್ರು, ಆಗ ನಮ್ಮ ಕಲ್ಯಾಣ ಚಾಲುಕ್ಯರ ಸಾಮಂತರಾಗಿದ್ರು. ಅಲ್ಲಿನ ಗೊಂದೇಶ್ವರ ದೇವಸ್ಥಾನ ಪಂಚಾಯತನ ಶೈಲಿಯದು: ನಡುವೆ ಶಿವ, ನಾಲ್ಕು ಮೂಲೆಗೆ ಪಾರ್ವತಿ, ಗಣೇಶ, ಸೂರ್ಯ, ವಿಷ್ಣುವಿನ ಸಣ್ಣ ಗುಡಿಗಳು. ಎಲ್ಲಾ ಕಪ್ಪು ಕಲ್ಲು. ಬೆಳಗಿನ ಬಿಸಿಲಲ್ಲಿ ಅಲ್ಲಿ ನಾವು ಹದಿನಾರು ಜನ ಬಿಟ್ರೆ ಇನ್ಯಾರೂ ಇರಲಿಲ್ಲ.

ಅಲ್ಲಿಂದ ಮಿಸಳ್ ತಿಂದು ಪಾಂಡವಲೇಣಿಗೆ. ಹೆಸರು ಪಾಂಡವರದು, ಗುಹೆಗಳು ಬೌದ್ಧ ಭಿಕ್ಷುಗಳದು. ಒಟ್ಟು 24 ಗುಹೆ. ಮೆಟ್ಟಿಲು ಹತ್ತಬೇಕು, ಅದಕ್ಕೇ ಬಿಸಿಲೇರೋ ಮೊದಲು ಹೋಗೋದು ಒಳ್ಳೇದು. ಶಿಲ್ಪ ನೋಡೋಕೆ ಹೋದವರಿಗೆ ಅಜಂತಾ, ಎಲ್ಲೋರಾ ಎದುರು ಇದು ಸ್ವಲ್ಪ ಸಪ್ಪೆ ಅನ್ನಿಸಬಹುದು. ಇಲ್ಲಿ ಓದಬೇಕಾದ್ದು ಗೋಡೆ.

ಹತ್ತನೇ ಗುಹೆಯ ಶಾಸನ ಕೇಳಿ. ಕ್ಷತ್ರಪ ರಾಜ ನಹಪಾನನ ಅಳಿಯ ಉಷವದಾತ ಸುಮಾರು 1900 ವರ್ಷದ ಹಿಂದೆ ಈ ಗುಹೆಯನ್ನ ಭಿಕ್ಷುಗಳಿಗೆ ಕೊಟ್ಟ. ಕೊಟ್ಟು ಸುಮ್ಮನೆ ಹೋಗಲಿಲ್ಲ, ಮೇಂಟೆನೆನ್ಸ್‌ಗೂ ವ್ಯವಸ್ಥೆ ಮಾಡಿದ. 3000 ಕಾರ್ಷಾಪಣ ನಾಣ್ಯವನ್ನ ಗೋವರ್ಧನ ಅನ್ನೋ ಊರಿನ ನೇಕಾರರ ಶ್ರೇಣಿಗಳಲ್ಲಿ ಠೇವಣಿ ಇಟ್ಟ. ಶ್ರೇಣಿ ಅಂದ್ರೆ ಕಸುಬಿನವರ ಸಂಘ. ಒಂದು ಸಂಘದಲ್ಲಿ 2000, ತಿಂಗಳಿಗೆ ನೂರಕ್ಕೆ ಒಂದರಂತೆ ಬಡ್ಡಿ. ಇನ್ನೊಂದರಲ್ಲಿ 1000, ತಿಂಗಳಿಗೆ ನೂರಕ್ಕೆ ಮುಕ್ಕಾಲು. ಅಸಲು ಮುಟ್ಟೋ ಹಾಗಿಲ್ಲ, ಬಡ್ಡಿ ಮಾತ್ರ ತಗೋಬೇಕು. ಮಳೆಗಾಲದಲ್ಲಿ ಅಲ್ಲಿ ತಂಗೋ 20 ಭಿಕ್ಷುಗಳಿಗೆ ತಲಾ 12 ನಾಣ್ಯ, ಬಟ್ಟೆಗೆ. ಈಗ ಲೆಕ್ಕ ಹಾಕಿ. ಇಪ್ಪತ್ತು ಹನ್ನೆರಡ್ಲಿ 240. ಎರಡು ಸಾವಿರಕ್ಕೆ ವರ್ಷಕ್ಕೆ 12 ಪರ್ಸೆಂಟ್ ಅಂದ್ರೂ 240. ಪೈಸೆ ಪೈಸೆ ಟ್ಯಾಲಿ ಆಗುತ್ತೆ! ಗುಹೆಯಲ್ಲಿ ನಿಂತು ಫೋನ್ ತೆಗೆದು ಕ್ಯಾಲ್ಕುಲೇಟರ್ ಒತ್ತಿದ್ದು ನಾನೊಬ್ಬನೇ ಅಲ್ಲ, ಗಾಡಿಯಲ್ಲಿದ್ದ ಅರ್ಧ ಜನ.

ಮೂರನೇ ಗುಹೆಯಲ್ಲಿ ನಮಗೆ ಇನ್ನೂ ಹತ್ತಿರದ ವಿಷಯ ಇದೆ. ನಹಪಾನನನ್ನ ಸೋಲಿಸಿದ ಶಾತವಾಹನ ರಾಜ ಗೌತಮೀಪುತ್ರ ಶಾತಕರ್ಣಿ ಗೋವರ್ಧನದ ತನ್ನ ಅಮಾತ್ಯನಿಗೆ ಒಂದು ಆಜ್ಞೆ ಕಳಿಸ್ತಾನೆ: ಉಷವದಾತ ಅನುಭವಿಸ್ತಿದ್ದ 200 ನಿವರ್ತನ ಹೊಲವನ್ನ ಇನ್ನು ಭಿಕ್ಷುಗಳಿಗೆ ಕೊಡಿ ಅಂತ. ಆಜ್ಞೆ ಹೊರಟಿದ್ದು ವೈಜಯಂತಿ ಸೇನೆಯ ವಿಜಯ ಶಿಬಿರದಿಂದ. ವೈಜಯಂತಿ ಅಂದ್ರೆ ನಮ್ಮ ಬನವಾಸಿ ಅಂತ ಇತಿಹಾಸಕಾರರು ಸಾಮಾನ್ಯವಾಗಿ ಗುರುತಿಸ್ತಾರೆ. ಕಥೆ ಅಲ್ಲಿಗೆ ಮುಗಿಯಲ್ಲ. ಆರು ವರ್ಷದ ನಂತರ ಅದೇ ಗೋಡೆಯಲ್ಲಿ ಇನ್ನೊಂದು ಆಜ್ಞೆ, ಈ ಸಲ ರಾಜನ ಜೊತೆ ರಾಜಮಾತೆಯ ಹೆಸರೂ ಇದೆ: ನಾವು ಕೊಟ್ಟ ಹೊಲ ಉಳುಮೆ ಆಗ್ತಿಲ್ಲ, ಆ ಹಳ್ಳಿಯಲ್ಲಿ ಜನ ಇಲ್ಲ, ಆದ್ದರಿಂದ ಪಟ್ಟಣದ ಗಡಿಯೊಳಗಿನ ನಮ್ಮ ಸ್ವಂತ ಹೊಲದಲ್ಲಿ 100 ನಿವರ್ತನ ಕೊಡಿ. ಅಂದ್ರೆ ಟಿಕೆಟ್ ಕ್ಲೋಸ್ ಆಯ್ತು ಅಂತ ಬಿಡದೆ, ಆರು ವರ್ಷ ಆದ ಮೇಲೂ ಯಾರೋ ಹೋಗಿ ಹೊಲ ನೋಡಿ ಬಂದು ಹೇಳಿದ್ದಾರೆ.

ಅಪ್ಪ ಇದನ್ನ ಕೇಳಿ ಬಹಳ ಹೊತ್ತು ಸುಮ್ಮನಿದ್ರು. ಆಮೇಲೆ ಹೇಳಿದ್ದು ಇಷ್ಟು: "ಹೊಲಾ ಕೊಟ್ಟರ ಆಗೂದಿಲ್ಲಪಾ, ಅದರಾಗ ದುಡ್ಯಾವ್ರು ಬೇಕು."

ಮಧ್ಯಾಹ್ನ ಊಟ ಆದ ಮೇಲೆ ಪಂಚವಟಿ, ಗೋದಾವರಿ ಘಾಟ್. ನಮ್ಮ ಕವಿರಾಜಮಾರ್ಗ 9ನೇ ಶತಮಾನದಲ್ಲಿ ಕನ್ನಡ ನಾಡಿನ ಉತ್ತರದ ಗಡಿ ಅಂತ ಹೇಳೋದು ಇದೇ ನದಿಯನ್ನ. ನಾಸಿಕ್‌ನಿಂದ ಉತ್ತರಕ್ಕೆ ದಿಂಡೋರಿ ತಾಲ್ಲೂಕು. ಅಲ್ಲಿನ ವಣಿಯಲ್ಲಿ ನೃಪತುಂಗನ ತಂದೆ, ರಾಷ್ಟ್ರಕೂಟರ ಮೂರನೇ ಗೋವಿಂದನ ತಾಮ್ರಪಟ ಸಿಕ್ಕಿದೆ. ಇವತ್ತು ಅದೇ ದಿಂಡೋರಿ ವೈನ್ ದ್ರಾಕ್ಷಿಗೆ ಹೆಸರುವಾಸಿ. ಇದನ್ನ ಹೇಳ್ತಿರೋದು ಹಕ್ಕು ಸಾಧಿಸೋಕಲ್ಲ. ಪರ ಊರಲ್ಲಿದ್ದೀವಿ ಅಂತ ಅನ್ಕೊಳ್ಳೋ ನಮಗೆ ಈ ನೆಲದ ಜೊತೆ ಹಳೇ ಓಡಾಟ ಇದೆ ಅಂತ ಗೊತ್ತಿರಲಿ ಅಂತ.

ಕಾಳಾರಾಮ ಮಂದಿರದ ಮುಂದೆ ಕಾಕಾ ರಾಮಾಯಣ ಹೇಳಿದ್ರು, ಪೇಶ್ವೆ ಕಾಲದ ಕಟ್ಟಡದ ಬಗ್ಗೆ ಹೇಳಿದ್ರು. ನಾನು ಕೇಳಿದೆ, "ಕಾಕಾ, 1930ರ ಸತ್ಯಾಗ್ರಹ ಇಲ್ಲೇ ಅಲ್ವಾ?" ಅವರು ಒಂದು ಕ್ಷಣ ನನ್ನ ಮುಖ ನೋಡಿದ್ರು. ಆಮೇಲೆ ಎಲ್ಲರನ್ನೂ ಒಂದು ಕಡೆ ನೆರಳಲ್ಲಿ ನಿಲ್ಲಿಸಿ ಹೇಳೋಕೆ ಶುರು ಮಾಡಿದ್ರು. 1930ರ ಮಾರ್ಚ್ 2ರಂದು ಅಂಬೇಡ್ಕರ್ ನೇತೃತ್ವದಲ್ಲಿ ಸಾವಿರಾರು ದಲಿತರು ದೇವಸ್ಥಾನ ಪ್ರವೇಶಕ್ಕಾಗಿ ಇಲ್ಲಿಗೆ ಬಂದಿದ್ದು, ಬಾಗಿಲು ಹಾಕಿದ್ದು, ವರ್ಷಗಟ್ಟಲೆ ಹೋರಾಟ ನಡೆದರೂ ತೆಗೆಯದೇ ಇದ್ದದ್ದು. 1935ರಲ್ಲಿ ಇದೇ ಜಿಲ್ಲೆಯ ಯೇವಲಾದಲ್ಲಿ ಅಂಬೇಡ್ಕರ್, ತಾನು ಹಿಂದೂವಾಗಿ ಸಾಯೋದಿಲ್ಲ ಅಂತ ಘೋಷಿಸಿದ್ದು. ಕೊನೆಗೆ ಕಾಕಾ ಮೆಲ್ಲಗೆ ಅಂದ್ರು, "ನಮ್ಮ ಅಜ್ಜ ಆವತ್ತು ಬಾಗಿಲ ಒಳಗಿನ ಕಡೆ ನಿಂತಿದ್ದವರು. ಕೇಳಿದವರಿಗೆ ಮಾತ್ರ ಹೇಳ್ತೀನಿ."

ಗೈಡ್ ಬೇಕಾ, ಗೂಗಲ್ ಸಾಕಲ್ವಾ ಅಂತ ನನ್ನ ಟೀಮ್‌ನವರು ಕೇಳ್ತಾರೆ. ಇಸವಿ ಗೂಗಲ್‌ನಲ್ಲಿ ಸಿಗುತ್ತೆ. ಅಜ್ಜ ಎಲ್ಲಿ ನಿಂತಿದ್ರು ಅನ್ನೋದು ಸಿಗಲ್ಲ. ಆದ್ರೆ ಗೈಡ್ ಇದ್ದರಷ್ಟೇ ಸಾಲದು, ಕೇಳೋರೂ ಇರಬೇಕು. ಹೋಗೋ ಮೊದಲು ಅರ್ಧ ಗಂಟೆ ಓದಿಕೊಂಡು ಹೋಗಿ. ನಿಮ್ಮ ಪ್ರಶ್ನೆ ಚೆನ್ನಾಗಿದ್ರೆ ಅವರ ಉತ್ತರವೂ ಚೆನ್ನಾಗಿರುತ್ತೆ.

ಈಗ ವೈನರಿ. ನಾಸಿಕ್‌ನ ವೈನ್ ಕಥೆ ನಮ್ಮ ಕ್ಷೇತ್ರದವರಿಂದಲೇ ಜೋರಾಗಿದ್ದು. ಸ್ಟ್ಯಾನ್‌ಫರ್ಡ್‌ನಲ್ಲಿ ಓದಿ, ಆರಕಲ್‌ನಲ್ಲಿ ಕೆಲಸ ಮಾಡ್ತಿದ್ದ ರಾಜೀವ್ ಸಾಮಂತ್ ವಾಪಸ್ ಬಂದು, 1990ರ ದಶಕದ ಕೊನೆಯಲ್ಲಿ ಕುಟುಂಬದ ಜಮೀನಿನಲ್ಲಿ ವೈನ್ ದ್ರಾಕ್ಷಿ ಹಾಕಿದ್ರು. ತಾಯಿ ಸುಲಭಾ ಹೆಸರಿಂದ ಸುಲಾ ಆಯ್ತು. 2001ರಲ್ಲಿ ಮಹಾರಾಷ್ಟ್ರ ಸರ್ಕಾರ ದ್ರಾಕ್ಷಿ ಸಂಸ್ಕರಣೆಗೆ ನೀತಿ ತಂದು ಅಬಕಾರಿ ಸುಂಕದಲ್ಲಿ ರಿಯಾಯಿತಿ ಕೊಟ್ಟ ಮೇಲೆ ವೈನರಿಗಳು ಒಂದರ ಹಿಂದೆ ಒಂದು ಬಂದವು. ಇನ್ನೊಂದು ವಿಷಯ. ಗಂಗಾಪುರ ರಸ್ತೆಯ ವೈನರಿಗಳ ಹತ್ತಿರ ಇರೋ ಊರಿನ ಹೆಸರು ಇವತ್ತಿಗೂ ಗೋವರ್ಧನ. ಹೌದು, ನೇಕಾರರು ಠೇವಣಿ ತಗೊಂಡಿದ್ದ ಗೋವರ್ಧನ ಅಂತ ಗುರುತಿಸೋದು ಇದನ್ನೇ. ಬೆಳಿಗ್ಗೆ ಗೋಡೆ ಮೇಲೆ ಓದಿದ ಹೆಸರು ಸಂಜೆ ರಸ್ತೆ ಬೋರ್ಡ್ ಮೇಲೆ ಸಿಕ್ಕಿದಾಗ ನನಗೆ ಮೈ ಜುಮ್ ಅಂತು.

ನಾವು ಹೋಗಿದ್ದು ಆ ಭಾಗದ ಒಂದು ಸಣ್ಣ ವೈನರಿ. ಅವ್ವ ಮೊದಲು ಒಳಗೆ ಬರೋಲ್ಲ ಅಂದಳು. "ಕುಡ್ಯೂ ಜಾಗಾದಾಗ ನಂದೇನೈತಿ?" ಅಂತ ಮರದ ಕೆಳಗೆ ಕೂತಳು. ತೋಟ ಮಾತ್ರ ನೋಡು ಬಾ ಅಂದ ಮೇಲೆ ಬಂದಳು. ಅಲ್ಲಿಂದ ಟೂರ್ ನಮ್ಮ ಕೈಯಲ್ಲಿತ್ತು ಅಂತ ಹೇಳಬಹುದು. ವೈನರಿ ಹುಡುಗಿ "ಇಲ್ಲಿ ವರ್ಷಕ್ಕೆ ಎರಡು ಸಲ ಬಳ್ಳಿ ಕತ್ತರಿಸ್ತೀವಿ" ಅಂದಾಗ ಅಪ್ಪ ಮರಾಠಿಯಲ್ಲೇ "ಏಪ್ರಿಲ್ ಚಾಟ್ನಿ, ಅಕ್ಟೋಬರ್ ಚಾಟ್ನಿ" ಅಂದ್ರು. ಆಕೆ ನಕ್ಕು, ಮುಂದಿನ ಪ್ರಶ್ನೆಗಳನ್ನೆಲ್ಲ ಅಪ್ಪನಿಗೇ ಕೇಳೋಕೆ ಶುರು ಮಾಡಿದ್ಲು. ಯುರೋಪ್‌ನಲ್ಲಿ ಚಳಿಗಾಲಕ್ಕೆ ಬಳ್ಳಿ ನಿದ್ದೆ ಹೋಗುತ್ತೆ, ಬೇಸಿಗೆ ಕೊನೆಯಲ್ಲಿ ಕಟಾವು. ನಮ್ಮಲ್ಲಿ ಬಳ್ಳಿ ಮಲಗೋದೇ ಇಲ್ಲ, ಅದಕ್ಕೇ ಎರಡು ಚಾಟ್ನಿ, ಕಟಾವು ಜನವರಿಯಿಂದ ಮಾರ್ಚ್.

ಅಪ್ಪನಿಗೆ ಆಶ್ಚರ್ಯ ಆಗಿದ್ದು ಬೇರೆ. "ಬಳ್ಳಿಗಿ ಇಷ್ಟ ಕಡಿಮಿ ಗೊನಿ ಬಿಟ್ಟಾರಲ್ಲೋ?" ತಿನ್ನೋ ದ್ರಾಕ್ಷಿಗೆ ಕಾಳು ದಪ್ಪ ಬೇಕು, ತೂಕ ಬೇಕು. ವೈನ್ ದ್ರಾಕ್ಷಿಗೆ ಕಾಳು ಸಣ್ಣದು, ಸಿಪ್ಪೆ ದಪ್ಪ, ಬೀಜ ಇರುತ್ತೆ. ಇಳುವರಿ ಬೇಕಂತಲೇ ಕಡಿಮೆ ಇಡ್ತಾರೆ, ರುಚಿ ಗಟ್ಟಿ ಆಗ್ಲಿ ಅಂತ. ಸಕ್ಕರೆ ಅಂಶ 20ರಿಂದ 24 ಬ್ರಿಕ್ಸ್ ಬಂದಾಗ ಕೊಯ್ತಾರೆ. ಆ ಸಕ್ಕರೆಯನ್ನ ಯೀಸ್ಟ್ ತಿಂದು ಆಲ್ಕೋಹಾಲ್ ಮಾಡುತ್ತೆ. 22 ಬ್ರಿಕ್ಸ್ ಇದ್ರೆ ಸುಮಾರು 12 ಪರ್ಸೆಂಟ್. ಕೆಂಪು ವೈನ್‌ಗೆ ಬಣ್ಣ ಬರೋದು ರಸದಿಂದ ಅಲ್ಲ, ಸಿಪ್ಪೆಯಿಂದ. ಸಿಪ್ಪೆ ಸಮೇತ ಹುದುಗಿಸಿದ್ರೆ ಕೆಂಪು, ಮೊದಲೇ ಹಿಂಡಿ ರಸ ಮಾತ್ರ ಹುದುಗಿಸಿದ್ರೆ ಬಿಳಿ. ಅವ್ವ ಕೇಳಿದ್ಲು, "ಉಳದ ಸಿಪ್ಪಿ, ಬೀಜಾ ಏನ್ ಮಾಡ್ತಾರ?" ಗೊಬ್ಬರ ಮಾಡಿ ತೋಟಕ್ಕೇ ಹಾಕ್ತಾರಂತೆ. ಅವ್ವನಿಗೆ ಆ ಉತ್ತರ ಸಮಾಧಾನ ಆಯ್ತು.

ಅಪ್ಪನ ನಿಜವಾದ ಪ್ರಶ್ನೆ ದರದ್ದು. ಸುತ್ತಲಿನ ರೈತರ ಜೊತೆ ವೈನರಿ ಹಲವು ವರ್ಷದ ಕರಾರು ಮಾಡಿಕೊಳ್ಳುತ್ತೆ. ಯಾವ ತಳಿ, ಎಷ್ಟು ಸಕ್ಕರೆ ಬಂದ್ರೆ ಎಷ್ಟು ದರ ಅಂತ ಮೊದಲೇ ಬರೆದಿರುತ್ತೆ. ಅಪ್ಪ ಅಲ್ಲೇ ನಿಂತು ಲೆಕ್ಕ ಹಾಕಿದ್ರು. ಇಳುವರಿ ಕಡಿಮೆ, ಸಸಿ ಬೇರೆ, ನಮ್ಮೂರ ಹತ್ತಿರ ಕೊಳ್ಳೋರಿಲ್ಲ, ಹಣ್ಣು ದೂರ ಸಾಗಿಸಿದ್ರೆ ಕೆಡುತ್ತೆ. ವೈನ್ ದ್ರಾಕ್ಷಿ ನಮಗಾಗೋದಲ್ಲ ಅಂತ ಐದು ನಿಮಿಷದಲ್ಲಿ ತೀರ್ಮಾನ ಆಯ್ತು. ಆದ್ರೆ ರಾತ್ರಿ ವಾಪಸ್ ಬರುವಾಗ ಗಾಡಿಯಲ್ಲಿ ಅಂದ್ರು: "ಚಾಟ್ನಿ ಮಾಡೂಕಿಂತ ಮೊದಲ ದರಾ ಗೊತ್ತಿದ್ದರ ರೈತ ಉಳೀತಾನ. ಅಷ್ಟ ಐತಿ ಇದರಾಗ." ಊರಿಗೆ ಹೋಗಿ ಒಂದು ಎಕರೆ ತೆಗೆಸಿದ್ರು, ಒಂದು ಎಕರೆ ಇಟ್ಟಿದ್ದಾರೆ. ಅಕ್ಕಪಕ್ಕದ ಹನ್ನೊಂದು ಜನ ಸೇರಿ ಒಣದ್ರಾಕ್ಷಿಯನ್ನ ಒಟ್ಟಿಗೆ ಮಾರೋ ಮಾತುಕತೆ ನಡೀತಿದೆ. ಏನಾಗುತ್ತೋ ನೋಡಬೇಕು. ಫೋನ್‌ನಲ್ಲಿ ಅಪ್ಪ ಇದನ್ನ "ನಮ್ಮ ಶ್ರೇಣಿ" ಅಂತ ಕರೀತಾರೆ.

ಕೊನೆಗೆ ಹೋಗೋರಿಗೆ ನಾಲ್ಕು ಮಾತು. ಜನವರಿಯಿಂದ ಮಾರ್ಚ್ ಒಳಗೆ ಹೋಗಿ, ಬಳ್ಳಿಯಲ್ಲಿ ಹಣ್ಣು ಇರುತ್ತೆ. ಬುಕ್ ಮಾಡುವಾಗ ಗೈಡ್ ಸ್ಥಳೀಯರಾ, ಗುಹೆಗೆ ಎಷ್ಟು ಸಮಯ ಕೊಡ್ತಾರೆ ಅಂತ ಕೇಳಿ. ಒಂದೂವರೆ ಗಂಟೆಗಿಂತ ಕಡಿಮೆ ಅಂದ್ರೆ ಬೇಡ. ವೈನರಿ ಕೊನೆಗೇ ಇರಲಿ. ಮಹಾರಾಷ್ಟ್ರದಲ್ಲಿ ವೈನ್‌ಗೆ 21 ವರ್ಷ ತುಂಬಿರಬೇಕು. ಸ್ವಂತ ಕಾರ್‌ನಲ್ಲಿ ಹೋದ್ರೆ ಓಡಿಸೋರು ರುಚಿ ನೋಡೋದೂ ಬೇಡ. ಕಾನೂನಿನ ಮಿತಿ 100 ಮಿಲಿಲೀಟರ್ ರಕ್ತಕ್ಕೆ 30 ಮಿಲಿಗ್ರಾಂ, ಮುಂದೆ ಇರೋದು 210 ಕಿಲೋಮೀಟರ್ ರಾತ್ರಿ ರಸ್ತೆ. ನಾವು ಪುಣೆ ಮುಟ್ಟಿದಾಗ ಹನ್ನೊಂದು ಗಂಟೆ. ಮುಂಬೈನವರಿಗೆ ಸುಮಾರು 170 ಕಿಲೋಮೀಟರ್, ಸ್ವಲ್ಪ ಸುಲಭ.

ಊರಿಂದ ಅಪ್ಪ, ಅಮ್ಮ ಬಂದಾಗ ಮಾಲ್ ತೋರಿಸೋ ಬದಲು ಒಂದು ದಿನ ಹೀಗೆ ಕರ್ಕೊಂಡು ಹೋಗಿ. ಅವರಿಗೆ ಗೊತ್ತಿರೋ ವಿಷಯ ಇರೋ ಕಡೆಗೇ ಕರ್ಕೊಂಡು ಹೋಗಿ. ನಾವು ದುಡಿಯೋ ಊರನ್ನ ಅವರೇ ನಮಗೆ ತೋರಿಸ್ತಾರೆ. ಪ್ರಶ್ನೆ ಇದ್ರೆ ಕೇಳಿ.